ನಾಲ್ಕೂ ಮೂಲೆಗೆ ಅರಿಶಿಣ

ಸತ್ತವರ ಬಗ್ಗೆ ಕೆಟ್ಟದ್ದು ಆಡಬಾರದು ಅನ್ನುತ್ತಾರೆ. ಆಡದೇ ಇದ್ದರೆ ನನ್ನ ಸೋದರಮಾವನ ಬಗ್ಗೆ ಆಡುವುದಕ್ಕೆ ಬಹಳ ಏನೂ ಉಳಿಯುವುದಿಲ್ಲ. ಮಾನ್ವಿಯ ಹೆಣ್ಣುಮಕ್ಕಳ ಶಾಲೆಯಲ್ಲಿ ಇಷ್ಟು ವರ್ಷ ಒದರಿ ಒದರಿ ನನ್ನ ಬಾಯಿ ಜೋರಾಗಿದೆ, ಮುಚ್ಚು ಅಂದರೆ ಮುಚ್ಚುವುದಿಲ್ಲ. ಅದಕ್ಕೇ ಹೇಳಿಬಿಡುತ್ತೇನೆ. ಕೇಳಿ ಸಿಟ್ಟಾಗುವವರು ಮೊದಲು ಅವನ ಕುರ್ಚಿಯ ಮೇಲೆ ಒಂದು ತಾಸು ಕುಳಿತು ಬರಲಿ, ಆಮೇಲೆ ಸಿಟ್ಟಾಗಲಿ.

ಅವನು ಸತ್ತದ್ದೂ ಆ ಕುರ್ಚಿಯ ಮೇಲೆಯೇ. ರಾಯಚೂರಿನ ಸ್ಟೇಷನ್ ರಸ್ತೆಯ ಒಂದು ಸಂದಿಯಲ್ಲಿ ಅವನದೊಂದು ಸಣ್ಣ ಪ್ರೆಸ್ಸಿತ್ತು. ಹಿಂದೆ ಮನೆ, ಮುಂದೆ ಪ್ರೆಸ್ಸು. ಮಧ್ಯಾಹ್ನ ಉಂಡು ಬಂದು ಕುರ್ಚಿಯಲ್ಲಿ ಕುಳಿತವನು ಏಳಲಿಲ್ಲ. ಉಸಿರು ನಿಂತಿತ್ತು, ಬೆನ್ನು ಮಾತ್ರ ಬಾಗಿರಲಿಲ್ಲ. ಅವನ ಕೈಕೆಳಗೆ ಅಚ್ಚಿನ ಮೊಳೆ ಜೋಡಿಸುತ್ತಲೇ ಮುದುಕನಾದ ಮಶಾಕ್ ಸಾಬ್, ಮಾಲೀಕರು ಏನೋ ವಿಚಾರ ಮಾಡುತ್ತಿದ್ದಾರೆಂದು ತಿಳಿದು ಪ್ರೂಫ್ ಹಿಡಿದುಕೊಂಡು ಎದುರಿಗೇ ನಿಂತಿದ್ದನಂತೆ. ‘ಮಾತಾಡ್ಲಿಲ್ಲ ಅಂದ್ರ ಸಿಟ್ಟಿನ್ಯಾಗ ಅದಾರ ಅನಕೊಂಡೆ ಬೇಟಿ. ಇದ್ದಾಗೂ ಹಂಗಽ ಇರ್ತಿದ್ರಲ್ಲ,’ ಅಂತ ಆಮೇಲೆ ನನ್ನ ಮುಂದೆ ಹೇಳಿದ.

ಆ ಕುರ್ಚಿಯ ಕಥೆ ಹೇಳಬೇಕು. ಬೆನ್ನಿಗೆ ಒಂದು ಕೆಂಪು ಹಲಗೆ, ಕೂರಲು ಒಂದು ನೀಲಿ ಹಲಗೆ, ಸುತ್ತ ಕರಿಯ ಕಟ್ಟಿಗೆಗಳು, ಆ ಕಟ್ಟಿಗೆಗಳ ತುದಿಗೆ ಹಳದಿ. ಹಾಲೆಂಡಿನ ಯಾವುದೋ ಪುಸ್ತಕದಲ್ಲಿ ಅದರ ಚಿತ್ರ ನೋಡಿ, ನಮ್ಮ ಬಡಿಗನನ್ನು ಎದುರಿಗೆ ಕೂರಿಸಿಕೊಂಡು ಬೇವಿನ ಕಟ್ಟಿಗೆಯಲ್ಲಿ ಮಾಡಿಸಿದ್ದ. ಬಡಿಗ ಮುಗಿಸಿ ಕೊಡುವಾಗ ಅಂದನಂತೆ: ‘ಇದು ಕುರ್ಚಿ ಅಲ್ರೀ ಮಾಲಕ್ರ. ಕುರ್ಚಿ ಮಾಡೂದಕ್ಕಿಂತ ಮೊದಲ ಕಟ್ಟಿಗಿ ಹೊಂದಿಸಿ ಇಟ್ಟಂಗ ಅದ. ಕುರ್ಚಿ ಯಾವಾಗ ಮಾಡೂಣು?’ ಮಾವ ಅವನನ್ನು ಮತ್ತೆ ಹೊಸ್ತಿಲು ತುಳಿಯಗೊಡಲಿಲ್ಲ.

ಆಳು ಎತ್ತರ, ಬಡಕಲು. ಅಂಗಿಗೆ ಜೇಬು ಇರುತ್ತಿರಲಿಲ್ಲ. ಜೇಬು ಇದ್ದರೆ ಏನಾದರೂ ಇಡುತ್ತೇವೆ, ಇಟ್ಟರೆ ಉಬ್ಬುತ್ತದೆ, ಉಬ್ಬಿದರೆ ಗೆರೆ ಕೆಡುತ್ತದೆ ಅನ್ನುವುದು ಅವನ ತರ್ಕ. ಕೈಯಲ್ಲಿ ಸದಾ ಒಂದು ಸ್ಟೀಲಿನ ಅಳತೆಪಟ್ಟಿ. ಅದರಿಂದ ಅಳೆದದ್ದಕ್ಕಿಂತ ಹೊಡೆದದ್ದು ಹೆಚ್ಚು. ಮಶಾಕ್ ಸಾಬನ ಬೆರಳ ಗೆಣ್ಣುಗಳನ್ನು ನೋಡಿದರೆ ಸಾಕು, ಯಾವ ಸಾಲು ಎಲ್ಲಿ ಸೊಟ್ಟಗಾಗಿತ್ತು ಅನ್ನುವ ಚರಿತ್ರೆಯೆಲ್ಲ ಅಲ್ಲಿತ್ತು.

ಹುಟ್ಟುತ್ತಲೇ ಹೀಗಿದ್ದನೇನು? ಇಲ್ಲ. ನಾನು ಸಣ್ಣವಳಿದ್ದಾಗ ಇಡೀ ಜಿಲ್ಲೆಗೆ ಲಗ್ನಪತ್ರವೆಂದರೆ ಮಾವನ ಪ್ರೆಸ್ಸಿನದೇ. ಅವನ ಕಾರ್ಡಿನಲ್ಲಿ ಬಳ್ಳಿ ಇರುತ್ತಿತ್ತು, ಬಳ್ಳಿಗೆ ಹೂವು, ಹೂವಿಗೆ ದುಂಬಿ. ಮೇಲೆ ಕಲಶ, ಎರಡು ಕಡೆ ಎರಡು ನವಿಲು. ಸಾಲಿಗೊಂದು ನಮೂನೆಯ ಅಕ್ಷರ. ಬೀಗರ ಹೆಸರು ಹುಡುಕುವುದಕ್ಕೆ ತೋಟದಲ್ಲಿ ತಿರುಗಾಡಿದಂತಾಗುತ್ತಿತ್ತು. ಮಂದಿ ಹಾಡಿ ಹೊಗಳುತ್ತಿದ್ದರು.

ಆಗ ದೇವದುರ್ಗದ ಕಡೆ ಕುಡಿಯುವ ನೀರಿಗೆ ಬೋರು ಕೊರೆಸಲು ಹಾಲೆಂಡಿನಿಂದ ಒಬ್ಬ ಎಂಜಿನಿಯರ್ ಬಂದ. ಪಂಪಿನ ಸುತ್ತ ಎಮ್ಮೆ ತೊಳೆಯಬೇಡಿ, ಮುಸುರೆ ಚೆಲ್ಲಬೇಡಿ ಎಂದು ಊರೂರಿಗೆ ಹಚ್ಚಲು ಅವನಿಗೊಂದು ದೊಡ್ಡ ಹಾಳೆ ಅಚ್ಚಾಗಬೇಕಿತ್ತು. ಮಾವ ಮೈಯೆಲ್ಲ ಕೈಯಾಗಿ ಪ್ರೂಫ್ ತೆಗೆದ. ಮೇಲೆ ಶ್ರೀಕಾರ, ಸುತ್ತ ಬಳ್ಳಿ, ಪಂಪಿನ ಎಡಕ್ಕೊಂದು ಬಲಕ್ಕೊಂದು ನವಿಲು. ಸಾಹೇಬ ಬಹಳ ಹೊತ್ತು ನೋಡಿದ. ಆಮೇಲೆ ಜೀಪಿನ ಡ್ರೈವರನಿಗೆ ಏನೋ ಹೇಳಿದ. ಡ್ರೈವರ್ ನಗು ತಡೆದುಕೊಂಡು ಕನ್ನಡದಲ್ಲಿ ಹೇಳಿದ: ‘ನವಿಲು ಯಾಕ ಅಂತ ಕೇಳಾಕತ್ಯಾರ್ರಿ. ನವಿಲು ಪಂಪು ಹೊಡದು ನೀರು ಕುಡಿತಾವೇನು ಅಂತ.’

ಪ್ರೆಸ್ಸಿನಲ್ಲಿದ್ದವರೆಲ್ಲ ನಕ್ಕರು. ಮಶಾಕ್ ಸಾಬನೂ ನಕ್ಕ. ಸಾಹೇಬ ಪೆನ್ಸಿಲ್ ತೆಗೆದು ನವಿಲಿನ ಮೇಲೆ ಗೀಟು ಹೊಡೆದ, ಬಳ್ಳಿಯ ಮೇಲೆ ಹೊಡೆದ, ಶ್ರೀಕಾರದ ಮೇಲೂ ಹೊಡೆದ. ಕೊನೆಗೆ ಉಳಿದದ್ದು ಒಂದು ಪಂಪು, ಒಂದು ಕೊಡ, ದೊಡ್ಡ ಅಕ್ಷರದಲ್ಲಿ ಒಂದೇ ಮಾತು. ಆ ಹಾಳೆಯನ್ನು ಮಂದಿ ಮೂರು ಹರದಾರಿಯಿಂದ ಓದುವ ಹಾಗಿತ್ತು. ಮಾವ ಅದನ್ನು ಗೋಡೆಗೆ ಹಚ್ಚಿ, ಊಟಕ್ಕೂ ಏಳದೆ ನೋಡುತ್ತ ಕುಳಿತನೆಂದು ಅತ್ತೆ ಹೇಳುತ್ತಿದ್ದಳು. ನಮ್ಮ ಮನೆಗೆ ಶನಿ ಹೊಕ್ಕದ್ದು ಆ ಮಧ್ಯಾಹ್ನ.

ಸಾಹೇಬನ ಹೆಂಡತಿ ಅವರ ಊರಿನಲ್ಲಿ ಪೋಸ್ಟರ್ ಬರೆಯುವವಳು. ಅವಳು ಮಾವನಿಗೆ ಪುಸ್ತಕ ಕಳಿಸತೊಡಗಿದಳು. ಡಿಕ್ಷನರಿ ಮಗ್ಗುಲಿಗಿಟ್ಟುಕೊಂಡು ಅವನು ಅವನ್ನು ಅರೆದು ಕುಡಿದ. ಕುಡಿದದ್ದನ್ನು ಸಂಜೆ ಹೋಟೆಲಿನಲ್ಲಿ ಕಕ್ಕುತ್ತಿದ್ದ. ವಗ್ಗರಣಿ ಮಿರ್ಚಿ ತಿನ್ನಲು ಬಂದ ಹಮಾಲರು, ಮಿಲ್ಲಿನವರು, ಗುಮಾಸ್ತರು, ಪಾಪ, ಹಾಲೆಂಡಿನ ಚರಿತ್ರೆ ಕೇಳಿಯೇ ಏಳಬೇಕಿತ್ತು.

‘ಮೊದಲ ಅವರೂ ನಮ್ಮಂಗಽ ಇದ್ರು,’ ಅನ್ನುತ್ತಿದ್ದ. ‘ಗ್ವಾಡಿ ತುಂಬ ಬಳ್ಳಿ, ಪುಸ್ತಕದ ತುಂಬ ಬಳ್ಳಿ. ಆಮ್ಯಾಲ ನಾಕು ಮಂದಿ ಹುಡುಗರು ಎದ್ರು ನೋಡ್ರಿ. ಅಡ್ಡ ಗೆರಿ, ಉದ್ದ ಗೆರಿ, ಕೆಂಪು, ನೀಲಿ, ಹಳದಿ, ಕರಿ, ಬಿಳಿ. ಇಷ್ಟರ ಹೊರತು ಒಂದೂ ಬ್ಯಾಡ ಅಂದ್ರು. ಮನಿ ಹಂಗ ಕಟ್ಟಿದ್ರು, ಕುರ್ಚಿ ಹಂಗ ಮಾಡಿದ್ರು. ಅಚ್ಚಿನ ಮೊಳಿ ಹಿಡದು ಚಿತ್ರ ಬರದ್ರು. ಅಲ್ಲಿ ಟಪಾಲ ಖಾತೆ ಸುದ್ದಾ ಸ್ಟಾಂಪು ಮಾಡಾಕ ಅಂಥವರನ್ನ ಕರದು ಕೂಡಸ್ತು. ದೊಡ್ಡ ಯುದ್ಧ ಮುಗದ ಮ್ಯಾಲ ಹಾಳಿಗಿ ಚೌಕಳಿ ಹೊಡದು, ಒಂದೊಂದು ಅಕ್ಷರ ಎಲ್ಲಿ ಕುಂದರಬೇಕು ಅಂತ ಲೆಕ್ಕ ಕಟ್ಟಿದ್ರು. ಜರ್ಮನಿಯವರು ಕಲತ್ರು, ಅಮೇರಿಕದವರು ಕಲತ್ರು, ಜಪಾನದವರು ಕಲತ್ರು. ಅವರ ವಿಮಾನ ನಿಲ್ದಾಣದಾಗ ಹಳದಿ ಹಲಗಿ ಮ್ಯಾಲ ಕರಿ ಅಕ್ಷರ, ಒಂದು ಬಾಣ. ಎಲ್ಲಾ ದೇಶದವರೂ ಅದನ್ನಽ ಹಚಗೊಳ್ಳಾಕತ್ಯಾರ. ರಾಯಚೂರಿನವರಿಗೆ ಏನು ಧಾಡಿ?’

‘ನಮಗ ವಿಮಾನ ಎಲ್ಲೈತ್ರೀ? ಬಸ್ ಸ್ಟ್ಯಾಂಡಿನ್ಯಾಗ ಮೂತ್ರಿ ಎಲ್ಲೈತಿ ಅಂತ ಬರದು ಪುಣ್ಯಾ ಕಟಗೋರಿ,’ ಅಂದ ಒಬ್ಬ ಹಮಾಲ.

ಎಲ್ಲರೂ ನಕ್ಕರು. ಮಾವ ನಗಲಿಲ್ಲ. ಮರುದಿನ ಹಳದಿ ತಗಡಿನ ಮೇಲೆ ಕರಿಯ ಬಾಣ ಬರೆದು, ತಾನೇ ಏಣಿ ಹತ್ತಿ ಬಸ್ ಸ್ಟ್ಯಾಂಡಿನಲ್ಲಿ ಹೊಡೆದು ಬಂದ. ಓದು ಬರದ ಹೆಂಗಸರು ಕೂಡ ಯಾರನ್ನೂ ಕೇಳದೆ ಆ ಬಾಣದ ಹಿಂದೆ ಹೋಗತೊಡಗಿದರು. ಅವನು ಊರಿಗೆ ಮಾಡಿದ ಉಪಕಾರ ಅದೊಂದೇ, ಅದನ್ನು ನಾನು ಇಲ್ಲ ಅನ್ನುವುದಿಲ್ಲ.

ಮಾನ್ವಿಗೆ ನಮ್ಮ ಮನೆಗೆ ಬಂದರೆ ಕಾಲುವೆಯ ದಂಡೆಗೆ ಹೋಗಿ ನಿಲ್ಲುತ್ತಿದ್ದ. ಗದ್ದೆಗಳು, ಬದುಗಳು, ಗೆರೆ ಎಳೆದಂತೆ ನೆಟ್ಟಗೆ ಹೋದ ಕಾಲುವೆ. ‘ಹಾಲೆಂಡೂ ಹಿಂಗಽ ಅದ ನೋಡು,’ ಅನ್ನುತ್ತಿದ್ದ ನನಗೆ. ‘ಸಮುದ್ರ ಹಿಂದಕ ಸರಿಸಿ, ಪಟ್ಟಿ ಇಟ್ಟು ಗೆರಿ ಎಳದು ಭೂಮಿ ಮಾಡ್ಯಾರ. ಅದಕ್ಕಽ ಅವರ ಕಣ್ಣು ನೆಟ್ಟಗ ಅದ.’ ಆ ಹೊತ್ತಿಗೆ ಅವನ ಮುಖ ಎಷ್ಟು ಮೃದುವಾಗುತ್ತಿತ್ತೆಂದರೆ, ಅಪ್ಪನಿಲ್ಲದ ನಾನು ಅವನ ಕೈ ಹಿಡಿದುಕೊಂಡು ನಿಲ್ಲುತ್ತಿದ್ದೆ. ಕೈ ಹಿಡಿದರೆ ಬಿಡಿಸಿಕೊಳ್ಳುತ್ತಿರಲಿಲ್ಲ.

ಮನೆಯಲ್ಲಿ ಮಾತ್ರ ಬೇರೆ. ಅತ್ತೆ ಬೆಳಿಗ್ಗೆ ಅಂಗಳ ಸಾರಿಸಿ ರಂಗೋಲಿ ಹಾಕಿದರೆ ಚಪ್ಪಲಿ ಕಾಲಿನಿಂದ ಒರೆಸುತ್ತಿದ್ದ. ‘ನೆಲ ಸ್ವಚ್ಛ ಅದ, ಮತ್ಯಾಕ ಹೊಲಸು ಮಾಡ್ತಿ?’ ಅತ್ತೆ ಹೂವಿನ ಸೀರೆ ಉಡುವುದು ಬಿಟ್ಟಳು, ಆಮೇಲೆ ಮುಡಿಗೆ ಹೂವು ಮುಡಿಯುವುದೂ ಬಿಟ್ಟಳು. ಮಕ್ಕಳಾಗಿರಲಿಲ್ಲ. ‘ಮಕ್ಕಳಾಗಲಿಲ್ಲ ಅಂತ ಅತ್ತಾಗ ಸುದ್ದಾ, ಮನಿ ಚೊಕ್ಕ ಇರ್ತದ ಬಿಡು ಅಂದಾಂವ ಅವ್ವಾ ನಿಮ್ಮಾವ,’ ಎಂದು ಒಮ್ಮೆ ನನ್ನ ಮುಂದೆ ಹೇಳಿ, ಹೇಳಿದ್ದಕ್ಕೆ ತಾನೇ ಹೆದರಿ ಬಾಗಿಲ ಕಡೆ ನೋಡಿದಳು.

ನವಿಲು, ಬಳ್ಳಿ, ಕಲಶದ ಬ್ಲಾಕುಗಳನ್ನೆಲ್ಲ ಒಂದು ದಿನ ಗೋಣಿಚೀಲಕ್ಕೆ ತುಂಬಿ, ಕರಗಿಸಲು ಹೈದರಾಬಾದಿಗೆ ಸಾಗಿಸಿದ. ಲಗ್ನಪತ್ರದ ಗಿರಾಕಿಗಳು ಬಂದರೆ ‘ಬಳ್ಳಿ ಬೇಕಾದ್ರ ಕುಂಬಳ ಹಚ್ಚ್ರಿ,’ ಅಂತ ಓಡಿಸುತ್ತಿದ್ದ. ಬಿಲ್ ಬುಕ್ಕು, ಪಾವತಿ ಚೀಟಿ, ಸತ್ತವರ ದಿನಕ್ಕೆ, ಅಂದರೆ ತಿಥಿಗೆ, ಕರೆಯುವ ದಿನದ ಕಾರ್ಡು ಇಷ್ಟೇ ಉಳಿದವು. ದಿನದ ಕಾರ್ಡು ಅವನಿಗೆ ಮೊದಲಿನಿಂದಲೂ ಸೇರುತ್ತಿತ್ತು. ಅದಕ್ಕೆ ಬರೀ ಕರಿ ಶಾಯಿ, ಬರೀ ಬಿಳಿ ಹಾಳೆ, ಯಾವ ಶೃಂಗಾರವೂ ಇಲ್ಲ.

ಈಗ ನನ್ನ ಲಗ್ನದ ಮಾತಿಗೆ ಬರುತ್ತೇನೆ.

ದೇವದುರ್ಗದ ಹುಡುಗ, ತಾಲೂಕು ಕಚೇರಿಯಲ್ಲಿ ಗುಮಾಸ್ತ. ನೋಡಲು ಬಂದಾಗ ನಾನು ನೀರು ಕೊಟ್ಟೆ. ಕುಡಿದು ಚರಿಗೆ ನನ್ನ ಕೈಗೇ ಕೊಟ್ಟು, ಯಾರಿಗೂ ಕೇಳದ ಹಾಗೆ ‘ಇನ್ನೊಂದೀಟು ಕೊಡ್ತೀರೇನ್ರಿ?’ ಅಂದ. ಅವನಿಗೆ ನೀರಡಿಕೆ ಇರಲಿಲ್ಲ, ನನಗೆ ತಿಳಿಯಿತು. ನಾನು ಮತ್ತೆ ಒಳಗೆ ಹೋಗಿ ಚರಿಗೆ ಅಂಚಿನ ತನಕ ತುಂಬಿಸಿಕೊಂಡು ಬಂದೆ. ಬಾಳಿನಲ್ಲಿ ನನಗೆ ಒಬ್ಬ ಗಂಡಸು ಬೇಕು ಅನ್ನಿಸಿದ್ದು ಆ ಒಂದು ಸಲ. ನಾಚಿಕೆಪಟ್ಟು ಮುಚ್ಚಿಡುವ ವಯಸ್ಸು ಈಗ ದಾಟಿದೆ.

ಅಪ್ಪನಿಲ್ಲದ ಹುಡುಗಿಯ ಲಗ್ನಪತ್ರ ಅಚ್ಚು ಹಾಕಿಸುವುದು ಸೋದರಮಾವನ ಪಾಲಿನದು. ‘ಇದಽ ನನ್ನ ಉಡುಗೊರಿ. ಇಂಥಾ ಕಾರ್ಡು ಈ ದೇಶದಾಗ ಯಾರೂ ಮಾಡಿರಬಾರದು, ಹಂಗ ಮಾಡ್ತೀನಿ,’ ಅಂದ ಮಾವ. ನಮ್ಮ ಅವ್ವ ಹಿಗ್ಗಿದಳು. ನಾನೂ ಹಿಗ್ಗಿದೆ.

ಬಿಳಿಯ ದಪ್ಪ ಕಾರ್ಡು. ಮೇಲೆ ಗಣಪತಿ ಇಲ್ಲ, ಶ್ರೀಕಾರ ಇಲ್ಲ. ಎಡಗಡೆ ಕೆಳಗೆ, ಪೋಸ್ಟರಿಗೆ ಬಳಸುವ ಮರದ ದೊಡ್ಡ ಅಕ್ಷರಗಳಲ್ಲಿ ನನ್ನ ಹೆಸರು: ಸುಮಿತ್ರಾ. ಕರಿ ಶಾಯಿ. ಮೇಲಿನಿಂದ ಕೆಳಗಿನವರೆಗೆ ತೆಳ್ಳಗೆ ಒಂದು ಕರಿ ಗೆರೆ. ಆ ಗೆರೆಯ ಬಲಕ್ಕೆ, ಇರುವೆ ಸಾಲಿನ ಹಾಗೆ, ವರನ ಹೆಸರು, ಬೀಗರು, ತಿಥಿ, ಮುಹೂರ್ತ. ಉಳಿದದ್ದೆಲ್ಲ ಬಿಳುಪು. ‘ಹಾಲೆಂಡಿನವರು ಕ್ಯಾಪಿಟಲ್ ಅಕ್ಷರ ಬಿಟ್ಟು ಸಣ್ಣಕ್ಷರದಾಗಷ್ಟಽ ಅಚ್ಚು ಹಾಕಾಕ ಎಷ್ಟು ಬಡದಾಡಿದ್ರು! ನಮ್ಮ ಕನ್ನಡಕ್ಕ ಆ ಜಂಜಾಟನಽ ಇಲ್ಲ, ನೋಡು,’ ಅಂತ ಕಾರ್ಡು ಬೆಳಕಿಗೆ ಹಿಡಿದು ತೋರಿಸಿದ. ‘ಕೆಂಪು ಬಣ್ಣರೆ ಹಾಕಬೇಕಿತ್ತು ಮಾವಾ,’ ಅಂದೆ. ‘ಕುಂಕುಮ ಬಡಿದು ಬಡಿದು ಈ ಮಂದಿ ಕೆಂಪು ಕೆಡಿಸ್ಯಾರ,’ ಅಂದ.

ನಿಜ ಹೇಳುತ್ತೇನೆ, ಕಾರ್ಡು ಚೆಂದವಿತ್ತು. ಇವತ್ತಿಗೂ ಅಷ್ಟು ಚೆಂದದ್ದು ನಾನು ನೋಡಿಲ್ಲ. ಅದೇ ನನ್ನ ಹೊಟ್ಟೆಯುರಿ.

ನಮ್ಮ ಕಡೆ ಓದು ಬರದವರಿಗೂ ಕಾರ್ಡು ಓದಲು ಬರುತ್ತದೆ. ಮೂಲೆಗೆ ಅರಿಶಿಣ ಇದ್ದರೆ ಶುಭ, ದೇವರ ಗೂಡಿಗೆ ಹೋಗುತ್ತದೆ. ಅರಿಶಿಣವಿಲ್ಲದ ಕರಿ ಶಾಯಿ ಕಾರ್ಡು ಬಂದರೆ ಸಾವು. ಅದನ್ನು ಒಳಗೆ ತರುವ ಹಾಗಿಲ್ಲ. ಹೊಸ್ತಿಲ ಹೊರಗೇ ನಿಂತು ಯಾರು ಅಂತ ತಿಳಿದುಕೊಂಡು, ಅಲ್ಲೇ ಹರಿದು ಬಿಸಾಡಿ, ತಲೆಯ ಮೇಲೆ ನೀರು ಸುರಿದುಕೊಂಡು ಒಳಗೆ ಬರಬೇಕು. ಇದು ಮಾವನಿಗೆ ಗೊತ್ತಿರಲಿಲ್ಲವೇ? ಜಿಲ್ಲೆಯ ದಿನದ ಕಾರ್ಡೆಲ್ಲ ಅಚ್ಚು ಹಾಕಿದವನು ಅವನೇ!

ಅವ್ವನೂ ನಾನೂ ರಾಯಚೂರಿಗೆ ಹೋದಾಗ ಅತ್ತೆ ಬಟ್ಟಲಲ್ಲಿ ಅರಿಶಿಣ ಕಲಸಿಟ್ಟುಕೊಂಡು ಕಾರ್ಡಿನ ಗಂಟಿನ ಮುಂದೆ ಕುಳಿತಿದ್ದಳು. ಮಾವ ಬಂದ.

‘ಏನ್ ಮಾಡಾಕತ್ತೀ?’

‘ಮೂಲಿಗೆ ಒಂದೊಂದು ಬಟ್ಟು ಅರಿಶಿಣರೀ...’

ಕಾಲಿನಿಂದ ಬಟ್ಟಲು ಒದ್ದ. ‘ಅರಿಶಿಣ ಸಾರಿಗಿ ಹಾಕು. ನನ್ನ ಬಿಳುಪಿನ ಮ್ಯಾಲ ಹಾಕಿದ್ರ ಕೈ ಮುರೀತೀನಿ.’

ಅವ್ವ ಕೈ ಮುಗಿದಳು. ‘ಅಣ್ಣಾ, ನಿನ ಕಾಲು ಬೀಳ್ತೀನಿ. ಒಂದ ಮೂಲಿಗರೆ ಹಚ್ಚಲಿ. ಮಂದಿ ಏನಂದಾರು?’

‘ಮಂದಿ ಕಲೀತಾರ. ಹಾಲೆಂಡಿನ ಮಂದಿನೂ ಮೊದಲ ಬಯ್ದಿದ್ರು,’ ಅಂದವನೇ ಗಂಟು ಎತ್ತಿಕೊಂಡು ನಡೆದ. ವಿಳಾಸ ಮೊದಲೇ ಬರೆದಿಟ್ಟಿದ್ದ. ಟಪಾಲು ಕಚೇರಿಯ ಮೆಟ್ಟಿಲ ತನಕ ಅವ್ವ ಹಿಂದೆ ಓಡಿದಳು. ಅವನು ತಿರುಗಿ ನೋಡಲಿಲ್ಲ.

ಮೊದಲು ಬಂದವಳು ಚೀಕಲಪರ್ವಿಯ ದೊಡ್ಡವ್ವ. ಅವ್ವನಿಗೆ ದೂರದ ಅಕ್ಕ, ಹೊಳೆಯ ದಂಡೆ ಬಿಟ್ಟು ಹೊರಗೆ ಬಾರದ ಮುದುಕಿ. ಟಪಾಲಿನವನು ದೊಡ್ಡ ಅಕ್ಷರ ಒಂದನ್ನೇ ಓದಿ ‘ಸುಮಿತ್ರಾ ಅಂತ ಬರದದಬೇ’ ಅಂದನಂತೆ. ಕಾರ್ಡಿನ ಬಣ್ಣ ಅವಳೇ ನೋಡಿದ್ದಳು. ಇನ್ನೇನು ಓದಬೇಕು? ಮೊದಲ ಬಸ್ಸಿಗೆ ಮಾನ್ವಿಗೆ ಬಂದು ಓಣಿಯ ಮೂಲೆಯಿಂದಲೇ ಎದೆ ಬಡಿದುಕೊಳ್ಳುತ್ತ ಬಂದಳು: ‘ಬಾಸಿಂಗ ಕಟ್ಟೂ ಹೊತ್ತಿನ್ಯಾಗ ಎದ್ದು ಹೋದೆಲ್ಲೇ ನನ್ನವ್ವಾ! ನಾ ಇರಾಕ ನೀ ಯಾಕ ಹೋದೇ ನನ್ನ ಕೂಸೇ!’ ನಾನು ಬಾಗಿಲಲ್ಲಿ ಕುಳಿತು ಜೋಳ ಹಸನು ಮಾಡುತ್ತಿದ್ದೆ. ನನ್ನನ್ನು ನೋಡಿ ಚಿಟ್ಟನೆ ಚೀರಿ ಬಿದ್ದುಬಿಟ್ಟಳು. ನೀರು ಹೊಡೆದು ಎಬ್ಬಿಸಿದರೆ ನನ್ನ ಗಲ್ಲ ಹಿಡಿದು ನಕ್ಕು, ಅತ್ತು, ಮತ್ತೆ ನಕ್ಕು, ಉಪ್ಪು ಇಳಿಸಿ ಒಲೆಗೆ ಹಾಕಿದಳು. ನಾವೂ ನಕ್ಕೆವು. ನಗಲು ನಮಗೆ ಉಳಿದಿದ್ದದ್ದು ಆ ಒಂದು ಮುಂಜಾನೆ.

ಸಂಜೆ ದೇವದುರ್ಗದಿಂದ ಬೀಗರ ಕಡೆಯ ಇಬ್ಬರು ಹಿರಿಯರು ಬಂದರು. ಹೊರಗೇ ನಿಂತರು, ನೀರು ಮುಟ್ಟಲಿಲ್ಲ. ಅಲ್ಲಿ ವರನ ಅಜ್ಜಿ ಕಾರ್ಡು ಹರಿದು, ಓಣಿ ಕೂಡಿಸಿ ಅತ್ತಿದ್ದಳಂತೆ. ಮನೆಮಂದಿಯೆಲ್ಲ ನನ್ನ ಹೆಸರಿನಲ್ಲಿ ತಲೆಗೆ ನೀರು ಹಾಕಿಕೊಂಡಿದ್ದರು. ಹರಿದ ಚೂರು ಕೂಡಿಸಿ ಓದಿ ನಿಜ ತಿಳಿದದ್ದು ಆಮೇಲೆ.

‘ತಪ್ಪು ನಿಮ್ಮದಲ್ಲ ತಂಗೀ, ಗೊತ್ತದ,’ ಅಂದ ಅವರಲ್ಲಿ ದೊಡ್ಡವನು, ಅವ್ವನಿಗೆ. ‘ಖರೆ ಆಕಿ ಹೆಸರಿಲೆ ಮೈ ತೊಳಕೊಂಡೀವಿ. ಸತ್ತಾಳ ಅಂತ ತೊಳಕೊಂಡ ಮ್ಯಾಲ ಸೊಸಿ ಅಂತ ಹೆಂಗ ಒಳಗ ಕರಕೋಬೇಕು? ನೀವಽ ಹೇಳ್ರಿ.’

ಅವ್ವ ಸೆರಗು ಬಾಯಿಗೆ ಒತ್ತಿಕೊಂಡು ನೆಲಕ್ಕೆ ಕುಳಿತಳು. ನಾನು ಒಳಗಿನಿಂದ ಅವರ ಹಿಂದೆ ಮುಂದೆ ಹಣಿಕಿ ಹಾಕುತ್ತಿದ್ದೆ, ಹುಡುಗ ಬಂದಿರಬಹುದೇ ಅಂತ. ಬಂದಿರಲಿಲ್ಲ.

ಮಾವನಿಗೆ ಸುದ್ದಿ ಮುಟ್ಟಿದಾಗ ಅವನು ಅಂದದ್ದು ಇಷ್ಟೇ: ‘ಅಂಥಾ ಕುರುಡರ ಮನಿಗಿ ಹೋಗೂದು ತಪ್ತಲ್ಲ, ಛಲೋ ಆತು.’

ಆಮೇಲೆ ಬಂದ ಗಂಡುಗಳೆಲ್ಲ ಹೊಸ್ತಿಲಿಂದಲೇ ತಿರುಗಿದರು. ‘ದಿನದ ಕಾರ್ಡು ಆದ ಹುಡುಗಿ’ ಅಂತ ನನಗೆ ಹೆಸರಾಯಿತು. ಅವ್ವ ಆ ಕೊರಗಿನಲ್ಲೇ ಸವೆದು ಹೋದಳು. ಒಮ್ಮೆ ದೇವದುರ್ಗದ ಬಸ್ ಸ್ಟ್ಯಾಂಡಿನಲ್ಲಿ ಆ ಹುಡುಗ ಕಂಡ. ಅವನ ಕೈ ಹಿಡಿದು ಒಂದು ಮಗು ನಿಂತಿತ್ತು. ನನ್ನನ್ನು ಗುರುತಿಸಿದ. ಗುರುತಿಸಿ, ಮಗುವನ್ನು ಮೆಲ್ಲಗೆ ತನ್ನ ಬೆನ್ನ ಹಿಂದೆ ಸರಿಸಿದ. ನನ್ನ ನೆರಳು ಬೀಳಬಾರದಲ್ಲ. ಅವನ ಮೇಲೆ ನನಗೆ ಸಿಟ್ಟು ಬರಲಿಲ್ಲ, ಇದೂ ಮಾವನ ಲೆಕ್ಕಕ್ಕೇ ಸೇರಿಸಿಟ್ಟೆ.

ಇಷ್ಟಾದ ಮೇಲೆ ಒಂದು ದಿನ ಮಾವ ತಾನಾಗಿ ಮಾನ್ವಿಗೆ ಬಂದ. ಕಂಕುಳಲ್ಲಿ ಹಾಲೆಂಡಿನಿಂದ ಬಂದ ದಪ್ಪನೆಯ ಪುಸ್ತಕ. ಅವರ ರೀತಿ ಯಾವ ಯಾವ ದೇಶಕ್ಕೆ ಹಬ್ಬಿದೆ ಅಂತ ತೋರಿಸುವ ಪುಸ್ತಕವಂತೆ. ಪುಟ ತೆಗೆದು ನನ್ನ ಮಡಿಲಿಗೆ ಇಟ್ಟ. ಇಡೀ ಪುಟದ ತುಂಬ ನನ್ನ ಕಾರ್ಡು! ಸಾಹೇಬನ ಹೆಂಡತಿಗೆ ಒಂದು ಪ್ರತಿ ಕಳಿಸಿದ್ದನಂತೆ. ಕೆಳಗೆ ಇಂಗ್ಲಿಷಿನಲ್ಲಿ ರಾಯಚೂರು ಅಂತ ಇತ್ತು.

‘ನೋಡವ್ವಾ, ನಿನ್ನ ಹೆಸರು ಹಾಲೆಂಡ್ ಮುಟ್ತು,’ ಅಂದ. ಅವನ ಕಣ್ಣಲ್ಲಿ ನೀರು. ನನಗಾಗಿ ಅಲ್ಲ, ಪುಟಕ್ಕಾಗಿ.

‘ದೇವದುರ್ಗ ಮುಟ್ಟಿದ್ರ ಸಾಕಿತ್ತು ಮಾವಾ,’ ಅಂದೆ. ಅವನಿಗೆ ಕೇಳಿಸಲಿಲ್ಲ. ಕೇಳಿಸಿದರೂ ತಿಳಿಯಲಿಲ್ಲ.

ಬೊಂಬಾಯಿಯ ಕಲಾಶಾಲೆಯ ಹುಡುಗ ಹುಡುಗಿಯರು ರೈಲು ಹತ್ತಿ ಅವನನ್ನು ನೋಡಲು ಬಂದರು. ಮಾವ ನನಗೆ ಹೇಳಿ ಕಳಿಸಿ ಕರೆಸಿದ. ‘ಸುಮಿತ್ರಾ ಅಂದ್ರ ಈಕಿನ,’ ಅಂತ ಕುರಿ ತೋರಿಸಿದ ಹಾಗೆ ತೋರಿಸಿದ. ಕೈಯಲ್ಲಿ ಕಾರ್ಡು ಕೊಟ್ಟು ಫೋಟೋ ತೆಗೆದರು. ಒಂದು ಹುಡುಗಿ ಹಿಂದಿಯಲ್ಲಿ, ‘ನಿಮ್ಮ ಮದುವೆಗೆ ಬಂದವರಿಗೆಲ್ಲ ಈ ಕಾರ್ಡು ಬಹಳ ಹಿಡಿಸಿರಬೇಕು, ಅಲ್ಲವಾ?’ ಅಂತ ಕೇಳಿದಳು. ನಾನು ಮಾವನ ಮುಖ ನೋಡಿದೆ. ಅವನು ಗೋಡೆಯ ಮೇಲಿನ ಚೌಕಟ್ಟು ಸರಿ ಮಾಡುತ್ತಿದ್ದ. ‘ಬಹಳ ಹಿಡಿಸಿತು,’ ಅಂದೆ. ಸತ್ತವಳು ಇನ್ನೇನು ಹೇಳಬೇಕು?

ದೇವರು ಇದ್ದಾನೆ ಅಂತ ನನಗೆ ಅನ್ನಿಸಿದ್ದು ಹೂವಿನ ನೋಟು ಬಂದಾಗ. ಸಾಹೇಬನ ಹೆಂಡತಿ ಒಂದು ಪತ್ರಿಕೆ ಕಳಿಸಿದ್ದಳು. ಹಾಲೆಂಡಿನಲ್ಲಿ ಹೊಸ ನೋಟು ಬಂದಿತ್ತು, ಅದರ ಬಣ್ಣದ ಚಿತ್ರ. ರಾಜನಿಲ್ಲ, ರಾಣಿಯಿಲ್ಲ, ಗೆರೆಯಿಲ್ಲ, ಚೌಕವಿಲ್ಲ. ನೋಟಿನ ತುಂಬ ದೊಡ್ಡದೊಂದು ಸೂರ್ಯಕಾಂತಿ ಹೂವು! ಈಗ ಅಲ್ಲಿ ಹೊಸ ಹುಡುಗರು ಬಂದಿದ್ದಾರೆ, ಹಳೆಯ ಚೌಕಳಿ ಬೇಸರವಾಗಿ ಬಣ್ಣ, ಹೂವು, ಆಟ ಎಲ್ಲ ತರುತ್ತಿದ್ದಾರೆ ಅಂತ ಅವಳು ಬರೆದಿದ್ದಳು. ನಾನು ಹೋದಾಗ ಮಾವ ಆ ಪುಟ ಹಿಡಿದುಕೊಂಡು ಕೆಂಪು ನೀಲಿ ಕುರ್ಚಿಯಲ್ಲಿ ಕುಳಿತಿದ್ದ.

‘ಅದು ಹೂವಲ್ಲ,’ ಅಂದ ನನ್ನನ್ನು ನೋಡಿ. ‘ಅದು ನೋಟು.’

ನಾನು ಬಗ್ಗಿ ನೋಡಿದೆ. ಬಹಳ ಸಾವಕಾಶ ನೋಡಿದೆ. ‘ಹೂವಿನ ಮ್ಯಾಲ ಜೇನಹುಳನೂ ಅದಲ್ಲ ಮಾವಾ,’ ಅಂದೆ.

ಅವನು ಪುಟ ಮಡಚಿದ. ಆ ದಿನದಿಂದ ಹೋಟೆಲಿಗೆ ಹೋಗುವುದು ಬಿಟ್ಟ. ಹಾಲೆಂಡಿನ ಮಾತು ಯಾರಾದರೂ ತೆಗೆದರೆ ಎದ್ದು ಒಳಗೆ ಹೋಗುತ್ತಿದ್ದ. ನಾನು ಮಾತ್ರ ಹೋದಾಗಲೆಲ್ಲ ತಪ್ಪದೆ ಕೇಳುತ್ತಿದ್ದೆ, ‘ಹಾಲೆಂಡಿನ್ಯಾಗ ಹೊಸಾ ಹೂವು ಯಾವದು ಬಂತು ಮಾವಾ?’ ಅವನ ಗಂಟಲ ಗಂಟು ಮೇಲೆ ಕೆಳಗೆ ಆಗುವುದನ್ನು ನೋಡಿ ನನಗೆ ಊಟ ರುಚಿಸುತ್ತಿತ್ತು. ಇದಕ್ಕೆ ನಾನು ಪಶ್ಚಾತ್ತಾಪ ಪಡುವುದಿಲ್ಲ.

ಅವನನ್ನು ಸತ್ತ ದಿನವೇ ಮಣ್ಣು ಮಾಡಿದರು. ದೂರದ ಊರಿನವರಿಗೆ ಹೇಳಿ ಕಳಿಸಲಾಗಲಿಲ್ಲ, ಇನ್ನು ಕಾರ್ಡು ಹೋದರೆ ಅದೇ ಸುದ್ದಿ. ಮಶಾಕ್ ಸಾಬ್ ನನ್ನ ಹತ್ತಿರ ಬಂದು ತಡವರಿಸಿದ.

‘ಬೇಟಿ, ಮಾಲಕ್ರು ಮೊದಲಽ ಹೇಳಿಟ್ಟಾರ. ನನ್ನ ದಿನದ ಕಾರ್ಡು ಸುಮಿತ್ರಾನ ಕಾರ್ಡಿನಂಗಽ ಆಗಬೇಕು, ಅದಕ್ಕಿಂತ ಚಂದಂದು ನನ್ನ ಕೈಲೆ ಆಗಿಲ್ಲ ಅಂತ.’

ನಾನು ಮಾವನ ಕುರ್ಚಿಯ ಮೇಲೆ ಕುಳಿತೆ. ಆಮೇಲೆ, ‘ಮಶಾಕ್ ಸಾಬ್, ನವಿಲು ಒಂದರೆ ಉಳದಾವೇನು?’ ಅಂದೆ.

ಮುದುಕ ನನ್ನ ಮುಖ ನೋಡಿದ. ಒಳಗೆ ಹೋಗಿ ಹಳೆಯ ಮೊಳೆಪೆಟ್ಟಿಗೆಯ ತಳದಿಂದ ಒಂದು ಬಟ್ಟೆಯ ಗಂಟು ತಂದು ಬಿಚ್ಚಿದ. ಎರಡು ನವಿಲು, ಒಂದು ಕಲಶ, ಒಂದು ಹಿಡಿ ಬಳ್ಳಿಯ ತುಣುಕು. ‘ಕರಗಸಾಕ ಕೊಡಾಕ ಮನಸು ಬರಲಿಲ್ಲವ್ವಾ,’ ಅಂದ.

ಕೆಂಪು ಶಾಯಿ. ಮೇಲೆ ಕಲಶ. ಸುತ್ತ ಬಳ್ಳಿ, ಆ ಕಡೆ ಈ ಕಡೆ ನವಿಲು. ಸಾಲಿಗೊಂದು ನಮೂನೆಯ ಅಕ್ಷರ. ಬಳ್ಳಿಯ ನಡುವೆ ಎಲ್ಲೋ ಮಾವನ ಹೆಸರು, ಅವನು ತೀರಿಕೊಂಡ ಸುದ್ದಿ. ಕಾರ್ಡಿನ ಗಂಟು ಮುಂದಿಟ್ಟುಕೊಂಡು ನಾನು ಬಟ್ಟಲಲ್ಲಿ ಅರಿಶಿಣ ಕಲಸಿದೆ. ಅತ್ತೆ ಒಳಗಿನ ಬಾಗಿಲಲ್ಲಿ ನಿಂತಿದ್ದಳು. ಅವಳ ಕೈ ಬೋಳಾಗಿದ್ದವು. ಅರಿಶಿಣ ಮುಟ್ಟುವ ಹಕ್ಕು ಅವಳಿಗೆ ಇನ್ನಿರಲಿಲ್ಲ. ಬೈಯುತ್ತಾಳೆ ಅಂದುಕೊಂಡೆ.

‘ನಾಕೂ ಮೂಲಿಗಿ ಹಚ್ಚವ್ವಾ,’ ಅಂದಳು. ‘ಒಂದೂ ಬಿಡಬ್ಯಾಡ.’

ದಿನದ ದಿವಸ ಹತ್ತಿರದವರು ಬಂದು ನನಗೆ ಬಾಯಿಗೆ ಬಂದದ್ದು ಅಂದರು. ಅನ್ನಲಿ ಅಂತಲೇ ಮಾಡಿದ್ದೆ. ದೂರದವರಲ್ಲಿ ಒಬ್ಬರೂ ಕಾರ್ಡು ಹರಿದಿರಲಿಲ್ಲ, ಒಬ್ಬರೂ ಅವನ ಹೆಸರಿಗೆ ತಲೆಗೆ ನೀರು ಹಾಕಿಕೊಂಡಿರಲಿಲ್ಲ. ಜರಿಯ ಸೀರೆ ಉಟ್ಟು, ಹೂವು ಮುಡಿದು, ಉಡುಗೊರೆಯ ಕೊಡ ತಪ್ಪಲೆ ಹಿಡಿದುಕೊಂಡು ಟಾಂಗಾ ಇಳಿದವರು ಅಂಗಳದಲ್ಲಿ ಮಾವನ ಫೋಟೋ ನೋಡಿ ಕಕ್ಕಾಬಿಕ್ಕಿಯಾಗಿ ನಿಂತರು. ಕೊಡ ಎಲ್ಲಿ ಇಡಬೇಕು ಅಂತ ತಿಳಿಯದೆ ಒಬ್ಬ ಅದನ್ನು ಫೋಟೋದ ಮುಂದೆಯೇ ಇಟ್ಟ. ನನಗೆ ಹೊಟ್ಟೆ ಹುಣ್ಣಾಗುವಷ್ಟು ನಗು ಬರುತ್ತಿತ್ತು. ಇಷ್ಟು ವರ್ಷ ಕಾದದ್ದು ಸಾರ್ಥಕವಾಯಿತು ಅನ್ನಿಸಿತು.

ಆಗ ಚೀಕಲಪರ್ವಿಯ ದೊಡ್ಡವ್ವ ಬಂದಳು. ಹಣ್ಣು ಹಣ್ಣು ಮುದುಕಿ. ಕಣ್ಣು ಮುಕ್ಕಾಲು ಹೋಗಿದ್ದವು. ಯಾರೋ ಕೈ ಹಿಡಿದು ಬಸ್ಸಿನಿಂದ ಇಳಿಸಿ ಮನೆಯ ಮುಂದೆ ಬಿಟ್ಟು ಹೋಗಿದ್ದರು. ಫೋಟೋ ಅವಳಿಗೆ ಕಾಣಲಿಲ್ಲ. ನನ್ನ ದನಿ ಗುರುತು ಹಿಡಿದು ಹತ್ತಿರ ಬಂದು, ಸೊಂಟದಲ್ಲಿ ಸಿಕ್ಕಿಸಿದ್ದ ಕಾರ್ಡು ತೆಗೆದು ಅದರ ಮೂಲೆಯನ್ನು ಹೆಬ್ಬೆರಳಿನಿಂದ ಸವರಿದಳು.

‘ಅರಿಶಿಣ ಹಚ್ಚಿದ ಕಾರ್ಡು ಬಂತವ್ವಾ ನಿಮ್ಮ ರಾಯಚೂರ ಮನಿಯಿಂದ,’ ಅಂದಳು. ‘ನಿಮ್ಮ ಮನ್ಯಾಗ ಲಗ್ನಕ್ಕ ಉಳದಾಕಿ ನೀ ಒಬ್ಬಾಕಿನಽ ಅಲ್ಲೇನು? ಯಾರನ್ನೂ ಕೇಳಲಿಲ್ಲ ನಾ, ಎದ್ದು ಬಂದೆ. ಆವತ್ತು ಅತಗೋತ ಬಂದಿದ್ದೆ ನೋಡು, ಆ ಪಾಪ ಇವತ್ತು ತೊಳೀತು.’

ಗಂಟು ಬಿಚ್ಚಿದಳು. ಒಂದು ಕುಬಸದ ಖಣ, ಒಂದು ತೆಂಗಿನಕಾಯಿ, ಹಸಿರು ಬಳೆ. ನನ್ನ ಕೈ ಹುಡುಕಿ ಹಿಡಿದುಕೊಂಡಳು. ಇಷ್ಟು ಜೋರು ಬಾಯಿಯವಳು ನಾನು, ಒಂದು ಮಾತೂ ಹೊರಡಲಿಲ್ಲ.

‘ಯಾ ಊರಾಂವಬೇ ಹುಡುಗ?’ ಬಳೆ ಏರಿಸುತ್ತ ಕೇಳಿದಳು. ‘ಛಲೋ ಅದಾನಿಲ್ಲೋ?’

‘ಛಲೋ ಅದಾನ ದೊಡ್ಡವ್ವಾ,’ ಅಂದೆ. ‘ದೇವದುರ್ಗದಾಂವ.’

ಬಳೆ ಬಿಗಿಯಿದ್ದವು. ಕೈ ಸಣ್ಣ ಮಾಡಿ ಹಾಕಿಸಿಕೊಂಡೆ.